ಟೇಪಣ್ಣನ ಬಂದೂಕು ಪರೀಕ್ಷೆ

ಏನೂ ಗೊತ್ತಿಲ್ಲದವನು ಪರೀಕ್ಷೆಯಲ್ಲಿ ಫೇಲಾಗುವುದು ನೀರು ಕುಡಿದಷ್ಟು ಸುಲಭ. ಅದರಲ್ಲಿ ದೊಡ್ಡಸ್ತಿಕೆ ಏನೂ ಇಲ್ಲ. ಆದರೆ ಎಲ್ಲವೂ ಗೊತ್ತಿದ್ದು, ನಿದ್ದೆಯಲ್ಲಿ ಎಬ್ಬಿಸಿ ಕೇಳಿದರೂ ತಡವರಿಸದೆ ಹೇಳಬಲ್ಲವನು ಫೇಲಾಗಬೇಕಾದರೆ ಅದಕ್ಕೆ ಶ್ರದ್ಧೆ ಬೇಕು, ತಾಲೀಮು ಬೇಕು, ಮುಖದಲ್ಲಿ ಪೆದ್ದುಕಳೆ ಬೇಕು. ನಮ್ಮ ಟೇಪಣ್ಣನಿಗೆ ಪೆದ್ದುಕಳೆ ಹುಟ್ಟಿನಿಂದಲೇ ಬಂದಿತ್ತು. ಉಳಿದ ಎರಡನ್ನು ಅವನು ಬೆವರು ಸುರಿಸಿ ಸಂಪಾದಿಸಿದ.

ಆ ಭಾನುವಾರ ಬೆಳಿಗ್ಗೆ ರೈಫಲ್ ಕ್ಲಬ್ಬಿನ ತಗಡಿನ ಸೂರಿನ ಕೆಳಗೆ ಅವನು ಎಷ್ಟನೆಯದೋ ಸಲ ಪರೀಕ್ಷೆಗೆ ನಿಂತಿದ್ದ. ಎದುರಿಗೆ ಉದ್ದನೆಯ ಮೇಜು, ಮೇಜಿನ ಮೇಲೆ ಸಣ್ಣ ಗುಂಡಿನ ಲಿವರ್ ರೈಫಲ್ಲು. ಟ್ರಿಗರಿನ ಕೆಳಗೆ ಬಳೆಯ ಹಾಗೆ ಒಂದು ಹಿಡಿ; ಅದನ್ನು ಕೆಳಗೆ ತಳ್ಳಿ ಮೇಲೆತ್ತಿದರೆ ಒಂದು ತೋಟಾ ಒಳಗೆ ಹೋಗಿ ಕೂರುವ ಜಾತಿಯ ಬಂದೂಕು ಅದು. ಮೇಜಿನಾಚೆ ಬಯಲು, ಬಯಲಿನ ಕೊನೆಗೆ ಗುರಿಹಲಗೆಗಳು, ಅವುಗಳ ಹಿಂದೆ ಆಳೆತ್ತರಕ್ಕೂ ಮೀರಿದ ಮಣ್ಣಿನ ದಿಬ್ಬ. ಮೇಜಿನ ಪಕ್ಕದಲ್ಲಿ, ಕತ್ತಿಗೆ ಸೀಟಿ ಹಾಕಿಕೊಂಡು, ಮೇಡಂ.

"ಶುರು ಮಾಡಿ," ಎಂದರು ಮೇಡಂ.

ಟೇಪಣ್ಣ ರೈಫಲ್ ಎತ್ತಿಕೊಂಡ. ನಳಿಗೆ ದಿಬ್ಬದ ಕಡೆಗೆ, ಬೆರಳು ಟ್ರಿಗರಿನಿಂದ ದೂರ. ಲಿವರ್ ಕೆಳಗೆ ತಳ್ಳಿ ಒಳಗಿನ ಗೂಡು ಖಾಲಿ ಇದೆಯೇ ಎಂದು ಬಗ್ಗಿ ನೋಡಿದ. ಎಲ್ಲ ಸರಿ. ಲಿವರ್ ಮುಚ್ಚಿ, ತೋಟಾಕ್ಕೆ ಬಡಿಯುವ ಹ್ಯಾಮರನ್ನು ಹೆಬ್ಬೆರಳಿನಿಂದ ಹಿಡಿದು ಅರ್ಧಕ್ಕೆ ಇಳಿಸಿ ನಿಲ್ಲಿಸಿದ. ಅದೂ ಸರಿ. ನಳಿಗೆಯ ಕೆಳಗೆ ಅಂಟಿಕೊಂಡಿರುವ ಸಪೂರ ಕೊಳವೆಯ ತುದಿಯ ತಿರುಪು ಬಿಡಿಸಿ, ಒಳಗಿನ ಹಿತ್ತಾಳೆ ಕಡ್ಡಿಯನ್ನು ಮೇಲಕ್ಕೆಳೆದ. ತೋಟಾ ಹಾಕುವ ಕಿಂಡಿ ತೆರೆಯಿತು. ಇನ್ನು ತಡ ಮಾಡಿದರೆ ಪಾಸಾಗಿಬಿಡುವ ಅಪಾಯವಿತ್ತು. ಮದ್ದಿಲ್ಲದ ಡಮ್ಮಿ ತೋಟಾವನ್ನು ತೆಗೆದುಕೊಂಡು, ತಲೆ ಕೆಳಗೆ ಮಾಡಿ, ನಾಜೂಕಾಗಿ ಕಿಂಡಿಯೊಳಗೆ ಇಳಿಬಿಟ್ಟ.

"ನಿಲ್ಲಿಸಿ. ತೋಟಾದ ಮೂತಿ ಯಾವ ಕಡೆ ಇರಬೇಕು?"

"ಹಿಂದಕ್ಕೆ, ಮೇಡಂ."

"ಹಿಂದೆ ಯಾರಿದ್ದಾರೆ?"

"ನಾನೇ ಇದ್ದೀನಿ, ಮೇಡಂ."

ಮೇಡಂ ಒಂದು ಗಳಿಗೆ ಅವನ ಮುಖ ನೋಡಿದರು. ಆಮೇಲೆ, ಟೇಪಣ್ಣ ತಿಂಗಳಿಡೀ ಕಾದಿದ್ದ ಆ ಮಾತನ್ನು ಹೇಳಿದರು: "ಸರಿ. ಮುಂದಿನ ತಿಂಗಳು ನೋಡೋಣ. ಭಾನುವಾರ ತಪ್ಪಿಸ್ಬೇಡಿ."

ತಪ್ಪಿಸುವುದೆಲ್ಲಿ ಬಂತು! ಟೇಪಣ್ಣ ತಲೆ ತಗ್ಗಿಸಿ ದುಃಖ ನಟಿಸಿದ. ಒಳಗೆ ಅವನ ಹೃದಯ ಬ್ಯಾಂಡು ಬಾರಿಸುತ್ತಿತ್ತು.

ಟೇಪಣ್ಣ ಎಂಬುದು ಹೆತ್ತವರು ಇಟ್ಟ ಹೆಸರಲ್ಲ. ಪರದೆ ಅಂಗಡಿಯಲ್ಲಿ ಅವನದು ಕಿಟಕಿ ಅಳೆಯುವ ಕೆಲಸ. ಅಳತೆಯ ಟೇಪು ಸದಾ ಕತ್ತಿನಲ್ಲೇ ಇರುತ್ತಿತ್ತು. ಎಷ್ಟೋ ದಿನ ಅದನ್ನು ಹಾಕಿಕೊಂಡೇ ಮಲಗಿಬಿಡುತ್ತಿದ್ದ. ವಯಸ್ಸು ನಲವತ್ತು ದಾಟಿತ್ತು. ಅಕ್ಕ ಭಾವನ ಮನೆಯ ಹಿಂದಿನ ಕೋಣೆಯಲ್ಲಿ ವಾಸ. ಅಕ್ಕ ಅವನಿಗೊಂದು ಮದುವೆ ಮಾಡಲು ಪಟ್ಟ ಪಾಡು ಅಷ್ಟಿಷ್ಟಲ್ಲ. ಒಂದು ಮನೆಯಲ್ಲಂತೂ ಎಲ್ಲ ಕುದುರುವ ಹಾಗಿತ್ತು. ಹಿರಿಯರು ಮಾತಿಗೆ ಕೂತಾಗ ಇವನು ಮೆಲ್ಲಗೆ ಎದ್ದು ಹೋಗಿ ಆ ಮನೆಯ ಕಿಟಕಿಗಳನ್ನೆಲ್ಲ ಅಳೆದು ಬಂದ. ಪರದೆ ಮಾರಾಟವಾಯಿತು, ಮದುವೆ ಆಗಲಿಲ್ಲ. ಅಂದಿನಿಂದ ಅಕ್ಕ ಆ ವಿಷಯ ಎತ್ತುವುದನ್ನೇ ಬಿಟ್ಟಳು.

ಕ್ಲಬ್ಬಿಗೂ ಅವನು ಹೋದದ್ದು ಕಿಟಕಿ ಅಳೆಯಲಿಕ್ಕೇ. ಕಚೇರಿಯ ಕಿಟಕಿಗೆ ಟೇಪು ಹಿಡಿದು ನಿಂತಿದ್ದಾಗ ಹೊರಗಿನ ಸೂರಿನ ಕೆಳಗೆ ಒಬ್ಬ ದಢೂತಿ ಕಂಟ್ರಾಕ್ಟರು ರೈಫಲ್ ಹಿಡಿದಿದ್ದ. ಊರಿನವರನ್ನೆಲ್ಲ ಗದರಿಸಿ ಕೆಲಸ ಮಾಡಿಸುವ ಮನುಷ್ಯ. ಅವನ ಪಕ್ಕದಲ್ಲಿ, ಅವನ ಭುಜದೆತ್ತರಕ್ಕೂ ಬಾರದ ಒಬ್ಬ ಹೆಂಗಸು ನಿಂತು, ದನಿಯನ್ನು ಒಂದಿಷ್ಟೂ ಏರಿಸದೆ, "ಬೆರಳು ಆಚೆ," ಎಂದಳು. ಕಂಟ್ರಾಕ್ಟರು ಬಿಸಿ ತಾಕಿದವನ ಹಾಗೆ ಬೆರಳು ಎಳೆದುಕೊಂಡ. ಟೇಪಣ್ಣನ ಎದೆಯೊಳಗೆ ಏನೋ ಜಾರಿ ಕೆಳಗೆ ಬಿತ್ತು. ಆ ದನಿ ತನಗೂ ಏನಾದರೊಂದು ಹೇಳಬಾರದೇ ಎನಿಸಿತು. ಬೈದರೂ ಸರಿ.

ಅಷ್ಟರಲ್ಲಿ ಆಕೆ ತಿರುಗಿ ಕಿಟಕಿಯ ಕಡೆ ನೋಡಿ, "ನೀವು ಹೊಸದಾಗಿ ಸೇರಿದವರಾ?" ಎಂದು ಕೇಳಿದಳು. ಕಿಟಕಿ ಅಳೆಯೋಕೆ ಬಂದವನು ಎನ್ನಲು ಟೇಪಣ್ಣ ಬಾಯಿ ತೆರೆದ. ಬಾಯಿಂದ ಬಂದದ್ದು, "ಹೌದು." ಆ ಕಿಟಕಿಗೆ ಇವತ್ತಿಗೂ ಪರದೆ ಇಲ್ಲ.

ಸೇರಿದ ಮೇಲೆ ಗೊತ್ತಾದದ್ದು ಅಲ್ಲಿನ ಪದ್ಧತಿ. ಹೊಸಬರಿಗೆಲ್ಲ ಮೊದಲು ಮೇಡಂ ಹತ್ತಿರ ಪಾಠ. ಬಂದೂಕು ಹಿಡಿಯುವುದು, ತುಂಬುವುದು, ಖಾಲಿ ಮಾಡುವುದು, ಇಷ್ಟೇ. ತಿಂಗಳ ಕೊನೆಯ ಭಾನುವಾರ ಪರೀಕ್ಷೆ. ಪಾಸಾದವರು ದೊಡ್ಡ ಗೋಡೆಯಾಚೆ, ನಿವೃತ್ತ ಸೈನಿಕರೊಬ್ಬರ ಕೈಕೆಳಗೆ ಹೋಗಬೇಕು. ಅವರಿಗೆ ಎಲ್ಲರೂ ಗುಡುಗು ಸಾಹೇಬರು ಎನ್ನುತ್ತಿದ್ದರು. ಅವರು 'ಶಭಾಷ್' ಎಂದರೂ ಕೇಳಿದವರಿಗೆ ಬೈಗುಳ ತಿಂದ ಹಾಗಾಗುತ್ತಿತ್ತು. ಗೋಡೆ ದಾಟಿದವರು ಮತ್ತೆ ಈಚೆ ಬರುವ ಹಾಗಿಲ್ಲ.

ಟೇಪಣ್ಣ ಎರಡನೆಯ ಭಾನುವಾರಕ್ಕೇ ಎಲ್ಲ ಕಲಿತುಬಿಟ್ಟ. ದಿನವಿಡೀ ಅಳತೆಯಲ್ಲೇ ಬದುಕುವವನಿಗೆ ಅದೇನು ಮಹಾ! ಕಲಿತ ಕ್ಷಣವೇ ಅವನಿಗೆ ದಿಗಿಲಾಯಿತು. ಪಾಸಾದರೆ ಗೋಡೆ, ಗೋಡೆಯಾಚೆ ಗುಡುಗು. ಈಚೆ ಮೇಡಂ ಬೇರೆ ಯಾರಿಗೋ "ಬೆರಳು ಆಚೆ" ಎನ್ನುತ್ತಿರುತ್ತಾರೆ. ಹಾಗಾಗಿ ಅವನು ಫೇಲಾದ.

ಅವನಿಗೆ ಬೇಕಾಗಿದ್ದು ಹೆಚ್ಚೇನಲ್ಲ. ಮೇಡಂ ಪಕ್ಕದಲ್ಲಿ ನಿಂತು "ಉಸಿರು ಬಿಡಿ" ಎನ್ನಬೇಕು, ಇವನು ಬಿಡಬೇಕು. ಪಾಠ ಮುಗಿದ ಮೇಲೆ ಅವರು ತಮ್ಮ ಫ್ಲಾಸ್ಕಿನಿಂದ ಲೋಟಕ್ಕೆ ತಮಗೆ, ಮುಚ್ಚಳಕ್ಕೆ ಇವನಿಗೆ ಚಹಾ ಬಗ್ಗಿಸಬೇಕು. ಚಹಾ ಕುಡಿಯುವಾಗ ಇಬ್ಬರೂ ದಿಬ್ಬ ನೋಡುತ್ತಿದ್ದರು. ದಿಬ್ಬದಲ್ಲಿ ನೋಡುವಂಥದ್ದು ಏನೂ ಇರಲಿಲ್ಲ. ಆದರೂ ಸೋಮವಾರದಿಂದ ಶನಿವಾರದವರೆಗೆ, ಯಾರದೋ ಮನೆಯ ಕಿಟಕಿಗೆ ಟೇಪು ಹಿಡಿದು ನಿಂತಾಗಲೆಲ್ಲ ಟೇಪಣ್ಣನ ಕಣ್ಣಿಗೆ ಆ ದಿಬ್ಬವೇ ಕಾಣುತ್ತಿತ್ತು. ಮೇಡಂಗೆ ಮದುವೆಯಾಗಿಲ್ಲ ಎಂದು ಅವನಿಗೆ ಹೇಳಿದವನು ಕ್ಲಬ್ಬಿನ ಗೇಟಿನ ಕಾವಲುಗಾರ. "ಬಂದ ಗಂಡುಗಳೆಲ್ಲ ಕೆಲಸ ಏನು ಅಂತ ಕೇಳಿ, ತಿಂಡಿ ಕೂಡ ಮುಟ್ಟದೆ ಎದ್ದು ಹೋದರಂತೆ," ಎಂದಿದ್ದ. ಟೇಪಣ್ಣ ಆ ದಿನ ಅವನಿಗೆ ಎರಡು ಬೀಡಿ ಹೆಚ್ಚು ಕೊಡಿಸಿದ.

ಆದರೆ ಒಂದೇ ತಪ್ಪನ್ನು ಎಷ್ಟು ಸಲ ಮಾಡುವುದು? ಮೇಡಂಗೆ ಅನುಮಾನ ಬರುವುದಿಲ್ಲವೇ? ಪ್ರತಿ ತಿಂಗಳೂ ಹೊಸ ತಪ್ಪು ಹುಟ್ಟಿಸಬೇಕು. ಒಮ್ಮೆ ಹಿತ್ತಾಳೆ ಕಡ್ಡಿಯ ತಿರುಪನ್ನು ಬಿಗಿಯಲು ಮರೆತ. ತೋಟಾಗಳೆಲ್ಲ ಜಾರಿ ಅವನ ಚಪ್ಪಲಿಯ ಮೇಲೆ ಬಿದ್ದವು. ಒಮ್ಮೆ ಲಿವರನ್ನು ಅರ್ಧಕ್ಕೇ ತಳ್ಳಿ ತೋಟಾ ಸಿಕ್ಕಿಹಾಕಿಕೊಳ್ಳುವಂತೆ ಮಾಡಿದ. ಇನ್ನೊಮ್ಮೆ ಕಿವಿಮುಚ್ಚುಗವನ್ನು ಕಿವಿಗೆ ಹಾಕುವ ಬದಲು ಕುತ್ತಿಗೆಗೆ ಹಾಕಿಕೊಂಡು, "ಮೇಡಂ, ಏನಂದ್ರಿ? ಕೇಳಿಸ್ತಾ ಇಲ್ಲ," ಎಂದ.

ಇದಕ್ಕೆಲ್ಲ ತಾಲೀಮು ಬೇಕಲ್ಲ. ಸಂಜೆ ಅಂಗಡಿಯಿಂದ ಬಂದವನೇ ಒಂದು ಪರದೆ ಕಂಬಿ ಹಿಡಿದು ಮಹಡಿಗೆ ಹೋಗುತ್ತಿದ್ದ. ಅದನ್ನು ನೀರಿನ ತೊಟ್ಟಿಯ ಗೋಡೆಯ ಕಡೆಗೇ ಹಿಡಿದು, ಮೊದಲು ಸರಿಯಾಗಿ ತುಂಬಿ, ಆಮೇಲೆ ತಪ್ಪಾಗಿ ತುಂಬಿ ಅಭ್ಯಾಸ ಮಾಡುತ್ತಿದ್ದ. ಅನರ್ಥ ಶುರುವಾದದ್ದು ಅಲ್ಲೇ.

ಪಕ್ಕದ ಮನೆಯ ಮೇಲಂತಸ್ತಿನಲ್ಲಿ ಬ್ಯಾಂಡಿನಲ್ಲಿ ತುತ್ತೂರಿ ಊದುವವನೊಬ್ಬ ಬಾಡಿಗೆಗಿದ್ದ. ಕೋಳಿಗಿಂತ ಮೊದಲು ಎದ್ದು ಊದುತ್ತಿದ್ದ. ತನ್ನ ಮೇಲೆ ಇಡೀ ಬೀದಿಗೆ ಸಿಟ್ಟಿದೆ ಎಂಬುದು ಅವನಿಗೆ ಗೊತ್ತಿತ್ತು. ಒಂದು ಸಂಜೆ ಅಂಟಿಕೊಂಡೇ ಇದ್ದ ತನ್ನ ಕಡೆಯ ಮಹಡಿಗೆ ಬಟ್ಟೆ ಒಣಹಾಕಲು ಬಂದವನು, ಟೇಪಣ್ಣ ಕಂಬಿ ಹಿಡಿದು ತನಗೆ ತಾನೇ ಹೇಳಿಕೊಳ್ಳುತ್ತಿದ್ದುದನ್ನು ತೊಟ್ಟಿಯ ಮರೆಯಿಂದ ಕೇಳಿಸಿಕೊಂಡ.

"ಈ ಸಲ ಯಾರಿಗೂ ಅನುಮಾನ ಬರಬಾರದು. ನೋಡಿದವರಿಗೆ ಕೈತಪ್ಪಿ ಆಯ್ತು ಅಂತಲೇ ಅನ್ನಿಸ್ಬೇಕು."

ತುತ್ತೂರಿಯವನು ಒದ್ದೆ ಬನಿಯನ್ನನ್ನು ಅಲ್ಲೇ ಬಿಟ್ಟು ಕೆಳಗೆ ಓಡಿದ. ಎದುರು ಮನೆಯಲ್ಲಿ ನಿವೃತ್ತ ಹೆಡ್‌ಮಾಸ್ತರರಿದ್ದರು. ಬೀದಿಯ ಯಾವ ವಿಷಯವೂ ಅವರ ಸಹಿ ಬೀಳದೆ ಮುಂದಕ್ಕೆ ಹೋಗುವಂತಿರಲಿಲ್ಲ. ಅವರು ಕಣ್ಣು ಮುಚ್ಚಿ ಎಲ್ಲ ಕೇಳಿ, ಅಕ್ಕನನ್ನು ಕರೆಸಿದರು.

"ನಿನ್ನ ತಮ್ಮ ಬಂದೂಕು ಕಲೀತಿದ್ದಾನಂತಲ್ಲಮ್ಮ, ಪಾಸಾದನಾ?"

"ಎಲ್ಲಿಯ ಪಾಸು ಮೇಷ್ಟ್ರೇ! ಪ್ರತಿ ತಿಂಗಳೂ ಫೇಲು. ಅದೂ ಫೇಲಾಗಿ ಬಂದವನು ಸೀಟಿ ಹೊಡ್ಕೊಂಡು ಬರ್ತಾನೆ. ನನಗೆ ತಲೆಬುಡ ಅರ್ಥ ಆಗ್ತಿಲ್ಲ."

ಮೇಷ್ಟ್ರಿಗೆ ಅರ್ಥವಾಯಿತು. ಅವರು ಪತ್ತೇದಾರಿ ಕಾದಂಬರಿಗಳನ್ನು ಓದಿ ಕಣ್ಣು ಹಾಳುಮಾಡಿಕೊಂಡವರು.

"ನೋಡಪ್ಪ," ಎಂದು ತುತ್ತೂರಿಯವನಿಗೆ ವಿವರಿಸಿದರು, "ಪಾಸಾದವನು ಗುಂಡು ಹಾರಿಸಿದರೆ ಅದು ಕೊಲೆ. ಫೇಲಾದವನು ಹಾರಿಸಿದರೆ ಆಕಸ್ಮಿಕ. 'ಸ್ವಾಮಿ, ನನಗೆ ಬಂದೂಕು ಹಿಡಿಯೋಕೇ ಬರಲ್ಲ, ಬೇಕಾದ್ರೆ ಕ್ಲಬ್ಬಿನಲ್ಲಿ ಕೇಳಿ' ಅಂತಾನೆ. ಕ್ಲಬ್ಬಿನವರು ಹೌದು ಅಂತಾರೆ. ಮುಗೀತು. ಎಂಥಾ ತಲೆ! ನನ್ನ ಕ್ಲಾಸಿನಲ್ಲಿ ಇಂಥವನು ಒಬ್ಬನೂ ಬರಲಿಲ್ಲ."

ಮಾರನೆಯ ಬೆಳಿಗ್ಗೆ ತುತ್ತೂರಿ ಕೇಳಿಸಲಿಲ್ಲ. ಬೀದಿಯವರು ಎಷ್ಟೋ ವರ್ಷಕ್ಕೆ ಮೊದಲ ಸಲ ಸೂರ್ಯ ಹುಟ್ಟಿದ ಮೇಲೆ ಎದ್ದರು. ಎದ್ದವರಿಗೆ ಕಾರಣ ತಿಳಿಯಿತು, ತಿಳಿದವರು ಟೇಪಣ್ಣನನ್ನು ಕಂಡು ಪಕ್ಕಕ್ಕೆ ಸರಿದು ದಾರಿ ಬಿಟ್ಟರು. ಮನೆಯಲ್ಲಿ ಭಾವ ಸಹ ಬದಲಾದ. ಊಟಕ್ಕೆ ಕೂತಾಗಲೆಲ್ಲ "ಇವನೊಬ್ಬ ದಂಡಪಿಂಡ" ಎಂದು ಶುರು ಮಾಡುತ್ತಿದ್ದವನು ಈಗ, "ಇನ್ನೊಂದು ಸ್ವಲ್ಪ ಹಾಕ್ಕೊಳ್ಳಿ" ಎಂದು ಬಹುವಚನಕ್ಕೆ ಏರಿದ. ಅಂಗಡಿಯ ಮಾಲೀಕನಂತೂ, ಟೇಪಣ್ಣ ಅಭ್ಯಾಸಬಲದಿಂದ ಕಂಬಿಯ ತುದಿಯನ್ನು ಯಾರ ಕಡೆಗೂ ತಿರುಗಿಸದೆ ನೆಲಕ್ಕೆ ಮಾಡಿ ಹಿಡಿದು ಬರುವುದನ್ನು ನೋಡಿ, ಕುರ್ಚಿಯಿಂದ ಎದ್ದು ನಿಂತು, "ಭಾನುವಾರ ರಜಾ ಬೇಕಾದ್ರೆ ಸೋಮವಾರಾನೂ ತಗೊಳ್ಳಪ್ಪ," ಎಂದ.

ಟೇಪಣ್ಣನಿಗೆ ಇದೇನೂ ಹೊಳೆಯಲಿಲ್ಲ. ಪ್ರೀತಿಯಲ್ಲಿ ಬಿದ್ದವನಿಗೆ ಜಗತ್ತೇ ಒಳ್ಳೆಯದಾಗಿ ಕಾಣುತ್ತದಂತೆ. ತನಗೂ ಹಾಗೇ ಕಾಣುತ್ತಿದೆ ಎಂದುಕೊಂಡ.

ಕಡ್ಡಿ ಗುಡ್ಡವಾಗಿ ನಿಂತದ್ದು ಮೇಷ್ಟ್ರು, ತುತ್ತೂರಿಯವನು ಮತ್ತು ಮಾಲೀಕ ಮೂವರೂ ಕೂಡಿ ಕ್ಲಬ್ಬಿನ ಕಾರ್ಯದರ್ಶಿಯ ಬಳಿ ದೂರು ಹೊತ್ತು ಹೋದಾಗ. ಕಾರ್ಯದರ್ಶಿ ಎರಡು ಫೋನುಗಳ ನಡುವೆ ಬದುಕುವ ಮನುಷ್ಯ. ಒಂದನ್ನು ಕಿವಿಯಲ್ಲಿ ಇಟ್ಟುಕೊಂಡೇ, "ಏನು, ಅವನನ್ನು ಕ್ಲಬ್ಬಿನಿಂದ ತೆಗೀಬೇಕಾ?" ಎಂದು ಕೇಳಿದರು.

"ಅಯ್ಯೋ ಬೇಡ ಸ್ವಾಮಿ!" ಎಂದು ತುತ್ತೂರಿಯವನು ಕೈಮುಗಿದ. "ತೆಗೆದ್ರೆ ಯಾವತ್ತಿಗೂ ಫೇಲಾದವನಾಗೇ ಉಳೀತಾನೆ. ಹೇಗಾದ್ರೂ ಮಾಡಿ ಪಾಸು ಮಾಡಿಸಿ. ಪಾಸಾಗಿಬಿಟ್ರೆ ಆಮೇಲೆ ಕೈತಪ್ಪಿ ಅನ್ನೋಕಾಗಲ್ಲವಲ್ಲ!"

ಕಾರ್ಯದರ್ಶಿಗೆ ಇದರ ತಲೆಬಾಲ ತಿಳಿಯಲಿಲ್ಲ. ತಿಳಿದದ್ದು ಒಂದೇ: ಒಬ್ಬ ವಿದ್ಯಾರ್ಥಿ ತಿಂಗಳುಗಟ್ಟಲೆ ಫೇಲಾಗುತ್ತಿದ್ದಾನೆ, ಊರಿನವರು ದೂರು ತಂದಿದ್ದಾರೆ. ವಿದ್ಯಾರ್ಥಿ ಫೇಲಾದರೆ ತಪ್ಪು ಯಾರದು? ಕಲಿಸುವವರದು. ಹಾಗೆಂದು ತೀರ್ಮಾನಿಸಿ, ಮುಂದಿನ ಪರೀಕ್ಷೆಯನ್ನು ತಾವೇ ಬಂದು ನೋಡುವುದಾಗಿಯೂ, ಆಗಲೂ ಟೇಪಣ್ಣ ಫೇಲಾದರೆ ಹೊಸಬರ ಪಾಠವನ್ನು ಗುಡುಗು ಸಾಹೇಬರಿಗೆ ವಹಿಸಿ ಮೇಡಂ ಅವರನ್ನು ಕೆಲಸದಿಂದ ಮನೆಗೆ ಕಳಿಸುವುದಾಗಿಯೂ ಹೇಳಿ, ಎರಡನೆಯ ಫೋನು ಎತ್ತಿಕೊಂಡರು.

ಟೇಪಣ್ಣನಿಗೆ ಇದನ್ನೂ, ದೂರು ತಂದವರು ಯಾರೆಂಬುದನ್ನೂ ಹೇಳಿದವನು ಕಾವಲುಗಾರನೇ. "ಮೇಡಂ ಕೆಲಸ ಹೋಯ್ತು ಅಂದ್ಕೊಳ್ಳಿ," ಎಂದ. "ಏನು ಮಾಡೋದು? ನಿಮ್ಮಂಥ ಕಲ್ಲಿಗೆ ಯಾರು ತಾನೇ ಕಲಿಸೋಕಾಗತ್ತೆ? ಬೇಜಾರು ಮಾಡ್ಕೋಬೇಡಿ."

ಟೇಪಣ್ಣ ಗೇಟಿನ ಕಂಬ ಹಿಡಿದು ನಿಂತ. ಫೇಲಾದರೆ ಮೇಡಂ ಹೋಗುತ್ತಾರೆ. ಪಾಸಾದರೆ ತಾನು ಹೋಗಬೇಕು. ಬಿಸಿ ತುಪ್ಪ ನುಂಗುವಂತಿಲ್ಲ, ಉಗುಳುವಂತಿಲ್ಲ. ಅಷ್ಟು ದಿನ ತಾನು ಆಡಿದ ಆಟದ ಲೆಕ್ಕವೆಲ್ಲ ಮೇಡಂ ತಲೆಯ ಮೇಲೆ ಬಿದ್ದಿದೆ ಎಂದು ಹೊಳೆದಾಗ ಅವನಿಗೆ ನಾಚಿಕೆಯಿಂದ ಸಾಯುವಂತಾಯಿತು.

ನಡುದಾರಿ ಒಂದಿರಬಹುದೇ ಎಂದು ಅವನು ನೇರವಾಗಿ ಕಾರ್ಯದರ್ಶಿಯ ಹತ್ತಿರ ಹೋದ.

"ಸಾರ್, ಮೇಡಂದು ಏನೂ ತಪ್ಪಿಲ್ಲ. ನನಗೆ ಎಲ್ಲ ಬರತ್ತೆ. ನಾನು ಬೇಕಂತಲೇ ಫೇಲಾಗ್ತಿದ್ದೆ."

ಕಾರ್ಯದರ್ಶಿ ಮೊದಲ ಸಲ ಎರಡೂ ಫೋನು ಕೆಳಗಿಟ್ಟರು. "ನಮ್ಮ ಮನೇಲೂ ಒಬ್ಬ ಇದ್ದಾನೆ," ಎಂದು ನಿಟ್ಟುಸಿರಿಟ್ಟರು. "ನನ್ನ ಮಗ. ಗಣಿತದಲ್ಲಿ ಪ್ರತಿ ವರ್ಷ ಬೇಕಂತಲೇ ಫೇಲಾಗ್ತಾನೆ. ಹೋಗಿ, ಚೆನ್ನಾಗಿ ಓದಿ."

ಆಮೇಲೆ ದೂರು ವಾಪಸು ಪಡೆಯಿರಿ ಎಂದು ಕೇಳಿಕೊಳ್ಳಲು ತುತ್ತೂರಿಯವನ ಮನೆಗೆ ಹೋದ. ಬಾಗಿಲು ಸಂದಿಯಷ್ಟು ತೆರೆಯಿತು.

"ನಿಮ್ಮ ಹತ್ತಿರ ಒಂದು ಮಾತಾಡೋದಿತ್ತು," ಎಂದ ಟೇಪಣ್ಣ, ಆದಷ್ಟು ಮೃದುವಾಗಿ. "ನೀವು ಮಾಡಿದ್ದು ಒಂದು ಜೀವಕ್ಕೆ ಸಂಬಂಧಪಟ್ಟ ವಿಷಯ."

ಬಾಗಿಲು ಮುಚ್ಚಿತು. ಒಳಗೆ ಏನೋ ತಡಕಾಡಿದ ಸದ್ದು. ಬಾಗಿಲು ಮತ್ತೆ ತೆರೆದು ಒಂದು ತುತ್ತೂರಿ ಹೊರಗೆ ಬಂತು, ಹಿಂದೆಯೇ ಅದನ್ನು ಹಿಡಿದ ಕೈ.

"ತಗೊಂಡು ಹೋಗಿ ಅಣ್ಣ. ನನಗಿನ್ನು ಊದೋ ಆಸೆ ಇಲ್ಲ. ನನಗೆ ತಾಯಿ ಇದ್ದಾರೆ."

ತುತ್ತೂರಿ ಹಿಡಿದು ಮನೆಗೆ ಬಂದ ತಮ್ಮನನ್ನು ನೋಡಿ ಅಕ್ಕ ಕೈಯಲ್ಲಿದ್ದ ಪಾತ್ರೆ ಕೆಳಗಿಟ್ಟಳು. ಅವನ ಮುಖ ನೋಡಿದಳು. ಈ ಸಲ ಸೀಟಿ ಇರಲಿಲ್ಲ.

"ಏನೋ ಆಗಿದೆ ನಿನಗೆ?" ಎಂದಳು. "ಆ ಬಂದೂಕು ಕಲಿಸೋರು ಗಂಡಸರೋ ಹೆಂಗಸರೋ?"

ಟೇಪಣ್ಣ ತುತ್ತೂರಿಯನ್ನು ತಿರುಗಿಸಿ ತಿರುಗಿಸಿ ನೋಡುತ್ತಾ, "ಯಾರಾದ್ರೇನು ಅಕ್ಕ," ಎಂದ.

ಅಕ್ಕನಿಗೆ ಅಷ್ಟು ಸಾಕಾಯಿತು. ಪರೀಕ್ಷೆಯ ದಿನ ಬೆಳಿಗ್ಗೆ ಅವನ ನೀಲಿ ಅಂಗಿಗೆ ಇಸ್ತ್ರಿ ಹಾಕಿ ಕುರ್ಚಿಯ ಮೇಲೆ ಇಟ್ಟಿದ್ದಳು, ಕತ್ತಿನ ಟೇಪನ್ನು ತಾನೇ ಎಳೆದು ತೆಗೆದಳು.

ಪರೀಕ್ಷೆ ನೋಡಲು ಅರ್ಧ ಬೀದಿಯೇ ಬಂದಿತ್ತು. ತುತ್ತೂರಿಯವನು ಅಲ್ಲಿನ ಅತಿ ದಪ್ಪ ಕಂಬವನ್ನು ಆರಿಸಿಕೊಂಡು ಅದರ ಹಿಂದೆ ನಿಂತಿದ್ದ. ಅವನ ಹಿಂದೆ ಮಾಲೀಕ, ಮಾಲೀಕನ ಹಿಂದೆ ಭಾವ, ಒಂದು ಪಕ್ಕಕ್ಕೆ ಅಕ್ಕ. ಮೇಷ್ಟ್ರು ಮಾತ್ರ ಕುರ್ಚಿ ತರಿಸಿ ಕೂತರು. ಗುಡುಗು ಸಾಹೇಬರು ಆಗಲೇ ಮೇಡಂನ ಮೇಜಿನ ಉದ್ದಗಲವನ್ನು ತಮ್ಮದೆಂಬಂತೆ ನೋಡುತ್ತಿದ್ದರು. ಕಾರ್ಯದರ್ಶಿ ಎರಡೂ ಫೋನು ಜೇಬಿಗೆ ಹಾಕಿಕೊಂಡು, "ಹೂಂ," ಎಂದರು.

ಮೇಡಂ ಎಂದಿನಂತೆಯೇ ನಿಂತಿದ್ದರು. ಆದರೆ ಸೀಟಿಯ ದಾರವನ್ನು ಬೆರಳಿಗೆ ಸುತ್ತುತ್ತಿದ್ದರು, ಬಿಚ್ಚುತ್ತಿದ್ದರು. ಟೇಪಣ್ಣ ಅದನ್ನು ನೋಡಿದ. ನೋಡಿದ ಮೇಲೆ ಎರಡನೆಯ ಯೋಚನೆ ಇರಲಿಲ್ಲ.

"ಶುರು ಮಾಡಿ."

ಶುರು ಮಾಡಿದ ಮೇಲೆ ತಿಳಿಯಿತು ಹೊಸ ಫಜೀತಿ. ತಿಂಗಳುಗಟ್ಟಲೆ ತಪ್ಪು ಕಲಿಸಿದ ಕೈಗಳು ತಪ್ಪಿಗೇ ಒಗ್ಗಿಹೋಗಿದ್ದವು. ಲಿವರ್ ಕೆಳಗೆ ತಳ್ಳಿ ಗೂಡು ನೋಡಬೇಕೆನ್ನುವಷ್ಟರಲ್ಲಿ ಬಲಗೈ ಲಿವರನ್ನು ಅರ್ಧದಲ್ಲೇ ನಿಲ್ಲಿಸಲು ಹೊರಟಿತು. ಪೂರ್ತಿ ತಳ್ಳಿದ. ಬಗ್ಗಿ ನೋಡಿದ, ಕಿರುಬೆರಳು ಹಾಕಿ ಮುಟ್ಟಿಯೂ ನೋಡಿದ. ಖಾಲಿ. ಮುಚ್ಚಿದ. ಹ್ಯಾಮರನ್ನು ಅರ್ಧಕ್ಕೆ ನಿಲ್ಲಿಸಿದ. ತಿರುಪು ಬಿಡಿಸಿ ಕಡ್ಡಿಯನ್ನು ಎಳೆಯುವಾಗ ಕೈ ನಳಿಗೆಯ ಬಾಯಿಯ ಮುಂದೆ ಹಾಯದಂತೆ ಪಕ್ಕದಿಂದ ಹಿಡಿದ. ತೋಟಾ ಎತ್ತಿಕೊಂಡ. ಎಡಗೈ ಅದನ್ನು ತನ್ನಷ್ಟಕ್ಕೆ ತಲೆಕೆಳಗು ಮಾಡಿತು.

"ಅಲ್ಲೇ ಹೋಯ್ತು," ಎಂದರು ಗುಡುಗು ಸಾಹೇಬರು, ಅವರ ಮಟ್ಟಿಗೆ ಪಿಸುಮಾತಿನಲ್ಲಿ. ಸೂರಿನ ತಗಡು ಅದುರಿತು.

ಟೇಪಣ್ಣ ಎಡಗೈಯನ್ನು ಬಲಗೈಯಿಂದ ಹಿಡಿದು ತೋಟಾವನ್ನು ತಿರುಗಿಸಿದ. ಹಿಂಬದಿ ಕೆಳಗೆ, ಮೂತಿ ನಳಿಗೆಯ ಕಡೆಗೆ. ಒಂದೊಂದಾಗಿ ಇಳಿಬಿಟ್ಟ. ಕಡ್ಡಿಯನ್ನು ಮೆಲ್ಲಗೆ ಒತ್ತಿದ, ತಿರುಪು ಬಿಗಿದ. ಕಣ್ಣಿಗೆ ಕನ್ನಡಕ, ಕಿವಿಗೆ ಮುಚ್ಚುಗ. ಆಮೇಲೆ ಎಲ್ಲವನ್ನೂ ಖಾಲಿ ಮಾಡಿ ತೋರಿಸಿದ: ಕಡ್ಡಿ ಎಳೆದು ತೋಟಾಗಳನ್ನು ಹೊರಗೆ ಸುರಿಸಿ, ಲಿವರನ್ನು ಮತ್ತೆ ಮತ್ತೆ ಆಡಿಸಿ, ಗೂಡನ್ನು ಮತ್ತೊಮ್ಮೆ ಇಣುಕಿ ನೋಡಿ. ಕೊನೆಗೆ ಮೇಡಂ ಒಂದೇ ಒಂದು ನಿಜವಾದ ತೋಟಾ ಕೊಟ್ಟರು. ಟೇಪಣ್ಣ ಅದನ್ನು ತುಂಬಿ, ಲಿವರ್ ಆಡಿಸಿ, ರೈಫಲ್ ಭುಜಕ್ಕಿಟ್ಟ.

"ಹಾರಿಸುವ ಮೊದಲು ಏನು ನೋಡ್ಬೇಕು?"

"ಗುರಿ ಯಾವುದು ಅಂತ. ಗುರಿಯ ಹಿಂದೆ ಏನಿದೆ ಅಂತ."

"ಹಿಂದೆ ಏನಿದೆ?"

"ದಿಬ್ಬ, ಮೇಡಂ." ಇನ್ನು ಆ ದಿಬ್ಬವನ್ನು ಅವರ ಪಕ್ಕದಲ್ಲಿ ಕೂತು ನೋಡುವ ಹಾಗಿಲ್ಲ.

"ಉಸಿರು ಬಿಡಿ," ಎಂದರು ಮೇಡಂ.

ಬಿಟ್ಟ. ಟ್ರಿಗರ್ ಒತ್ತಿದ. ಗುಂಡು ತನ್ನ ಹಲಗೆಯನ್ನೂ ಪಕ್ಕದ ಹಲಗೆಯನ್ನೂ ಮುಟ್ಟದೆ ಮಣ್ಣಿನೊಳಗೆ ಹೋಗಿ ಕೂತಿತು. ಗುರಿಗೆ ಈ ಪರೀಕ್ಷೆಯಲ್ಲಿ ಅಂಕವಿಲ್ಲ. ಕಾರ್ಯದರ್ಶಿ, "ಪಾಸು!" ಎಂದರು. ಕಂಬದ ಹಿಂದಿನಿಂದ ತುತ್ತೂರಿಯವನು ಹಾರಿ ಬಂದು ಟೇಪಣ್ಣನನ್ನು ಅಪ್ಪಿಕೊಂಡು ಗಳಗಳ ಅತ್ತ. "ಇನ್ನು ನಾನು ಸಾಯಲ್ಲ!" ಎಂದ. ಮೇಷ್ಟ್ರು ಮುಗುಳ್ನಕ್ಕು, ಒಂದು ಕೊಲೆಯನ್ನು ತಪ್ಪಿಸಿದವರ ಗಾಂಭೀರ್ಯದಿಂದ ಎದ್ದು ಹೋದರು. ಭಾವ ಅಲ್ಲೇ ಏಕವಚನಕ್ಕೆ ಇಳಿದು, "ಏಯ್, ಮನೆಗೆ ಬರ್ತಾ ಸಾಮಾನು ತಗೊಂಡು ಬಾ," ಎಂದ. ಅಕ್ಕ ಮಾತ್ರ ಯಾರನ್ನೂ ನೋಡಲಿಲ್ಲ. ಮೇಡಂ ಕಡೆಗೊಮ್ಮೆ ತಮ್ಮನ ಕಡೆಗೊಮ್ಮೆ ನೋಡಿ, ಭಾವನ ತೋಳು ಹಿಡಿದು ಎಳೆದುಕೊಂಡು ಹೊರಟುಹೋದಳು.

ಎಲ್ಲರೂ ಹೋದ ಮೇಲೆ ಟೇಪಣ್ಣ ಕಿವಿಮುಚ್ಚುಗವನ್ನು ಒರೆಸಿ ಮೇಜಿನ ಮೇಲಿಟ್ಟ.

"ಬರ್ತೀನಿ ಮೇಡಂ. ಮುಂದಿನ ವಾರದಿಂದ ಆ ಕಡೆ."

"ಹೂಂ." ಮೇಡಂ ಡಮ್ಮಿ ತೋಟಾಗಳನ್ನು ಡಬ್ಬಿಗೆ ಹಾಕುತ್ತಿದ್ದರು. "ಒಂದು ವಿಷಯ. ನಿಮಗೆ ಮೊದಲಿನಿಂದಲೂ ಬರ್ತಿತ್ತು."

ಟೇಪಣ್ಣ ಮೇಜಿನ ಮೇಲಿಟ್ಟ ಕಿವಿಮುಚ್ಚುಗವನ್ನು ಮತ್ತೆ ಕೈಗೆತ್ತಿಕೊಂಡ.

"ಬರದವರು ಮಾಡೋ ತಪ್ಪು ನನಗೆ ಗೊತ್ತು. ಬರದವರು ಕರೆದ ತಕ್ಷಣ ಬಂದೂಕು ಸಮೇತ ನನ್ನ ಕಡೆ ತಿರುಗ್ತಾರೆ. ಟ್ರಿಗರ್ ಮೇಲೆ ಬೆರಳಿಡ್ತಾರೆ. ನೀವು ಇಷ್ಟು ತಿಂಗಳು ಇಷ್ಟೆಲ್ಲ ಕೆಟ್ಟ ಕೆಟ್ಟ ತಪ್ಪು ಮಾಡಿದ್ರಲ್ಲ, ಒಂದು ದಿನವೂ ನಳಿಗೆ ದಿಬ್ಬ ಬಿಟ್ಟು ಆಚೀಚೆ ಹೋಗ್ಲಿಲ್ಲ. ನಿಮ್ಮ ತಪ್ಪಿನಿಂದ ಯಾರಿಗೂ ಒಂದು ಗೀರು ಕೂಡ ಬೀಳೋ ಹಾಗಿರ್ಲಿಲ್ಲ."

"ಮತ್ತೆ... ಗೊತ್ತಿದ್ದೂ ಯಾಕೆ ಹೇಳ್ಲಿಲ್ಲ ಮೇಡಂ?"

ಮೇಡಂ ಡಬ್ಬಿಯ ಮುಚ್ಚಳ ಹಾಕಿದರು. ಸರಿಯಾಗಿ ಕೂತಿದ್ದ ಮುಚ್ಚಳವನ್ನು ತೆಗೆದು ಮತ್ತೆ ಹಾಕಿದರು.

"ಹೇಳಿದ್ರೆ ನೀವು ಪಾಸಾಗಿಬಿಡ್ತಿದ್ರಿ," ಎಂದರು.

ಟೇಪಣ್ಣ, "ಅದೂ ನಿಜ," ಎಂದು ಹೇಳಿ, ನಮಸ್ಕಾರ ಮಾಡಿ, ಹೊರಟು, ಬಸ್ಸು ಹತ್ತಿ ಕೂತ. ನಮ್ಮ ಟೇಪಣ್ಣ ಅಂಥವನು. ಯಾವ ಮಾತಾದರೂ ಅವನ ಕಿವಿಯಿಂದ ಹೊರಟು ತಲೆ ತಲುಪಬೇಕಾದರೆ ಒಂದಷ್ಟು ದೂರ ನಡೆಯಬೇಕು. ಬಸ್ಸು ಹೊರಟಿತು. ಕಂಡಕ್ಟರು ಬಂದು ಟಿಕೆಟ್ ಕೊಟ್ಟ. ತಿರುವು ಬಂತು. ತಿರುವಿನಲ್ಲಿ ಟೇಪಣ್ಣ ಇದ್ದಕ್ಕಿದ್ದಂತೆ ಎದ್ದು ನಿಂತು, ತಲೆಯನ್ನು ಮೇಲಿನ ಕಂಬಿಗೆ ಹೊಡೆದುಕೊಂಡು, "ನಿಲ್ಸಿ!" ಎಂದು ಕಿರುಚಿದ.

ಓಡಿದ. ಅವನು ಓಡಿ ಯಾವ ಕಾಲವಾಗಿತ್ತೋ. ಕ್ಲಬ್ಬಿನ ಗೇಟು ತಲುಪಿದಾಗ ಮೇಡಂ ಒಬ್ಬರೇ ಬೀಗ ಹಾಕುತ್ತಿದ್ದರು. ಅವನು ಕಂಬ ಹಿಡಿದು ಏದುಸಿರು ಬಿಡುತ್ತಾ ನಿಂತ.

"ಏನಾಯ್ತು?" ಎಂದರು ಮೇಡಂ.

"ಬಸ್ಸು... ಬಸ್ಸು ತಪ್ಪಿಹೋಯ್ತು ಮೇಡಂ."

ಅಷ್ಟರಲ್ಲಿ ಅದೇ ಬಸ್ಸು ಧೂಳೆಬ್ಬಿಸಿಕೊಂಡು ಹಿಂದಕ್ಕೆ ಸರಿಯುತ್ತಾ ಬಂದು ಗೇಟಿನ ಮುಂದೆ ನಿಂತಿತು. ಕಂಡಕ್ಟರು ಬಾಗಿಲಿನಿಂದ ಅರ್ಧ ಮೈ ಹೊರಗೆ ಹಾಕಿ, "ರೀ ಯಜಮಾನ್ರೇ! ಚಿಲ್ಲರೆ ತಗೊಳ್ಳದೆ ಇಳಿದುಬಿಟ್ರಲ್ಲ!" ಎಂದು ಕೂಗಿದ. ಟೇಪಣ್ಣ ತಲೆ ತಗ್ಗಿಸಿಕೊಂಡು ಹೋಗಿ ಚಿಲ್ಲರೆ ತೆಗೆದುಕೊಂಡ. ಬಸ್ಸು ಹೋಯಿತು.

ಮೇಡಂ ನಗುತ್ತಿದ್ದರು. ಇಷ್ಟು ಭಾನುವಾರಗಳಲ್ಲಿ ಅವರು ಹಾಗೆ ನಕ್ಕಿದ್ದನ್ನು ಅವನು ಕಂಡಿರಲಿಲ್ಲ. ಬೀಗದ ಕೈಯನ್ನು ಚೀಲಕ್ಕೆ ಹಾಕಿಕೊಂಡು, ಅವನ ಪಕ್ಕಕ್ಕೆ ಬಂದು ನಿಂತು, ರಸ್ತೆಯ ಕಡೆ ನೋಡುತ್ತಾ ಕೇಳಿದರು:

"ಮುಂದಿನ ಬಸ್ಸು ಯಾವಾಗ?"

"ಗೊತ್ತಿಲ್ಲ ಮೇಡಂ," ಎಂದ ಟೇಪಣ್ಣ. "ಬೇಗ ಬರದಿದ್ರೆ ಸಾಕು."